ಮಬ್ಬುಕೇರಿಯ ತಿಳಿಮನೆ

ನಮ್ಮ ಊರಿನಲ್ಲಿ ಹಪ್ಪಳ ಒಣಗದ ಕೇರಿ ಎಂದರೆ ಅದೊಂದೇ, ಮಬ್ಬುಕೇರಿ. ಹೊಳೆಯಾಚೆಯಿಂದ ಬಂದವರೆಲ್ಲ ಮೊದಲು ಮನೆ ಹಿಡಿಯುವುದು ಅಲ್ಲೇ. ಬಂದವರು ನಮ್ಮ ಮಾತು ಕಲಿಯಬೇಕಲ್ಲ, ಕಲಿಯುವಾಗ ತಪ್ಪುತ್ತಾರಲ್ಲ, ಹಾಗೆ ತಪ್ಪಿದಾಗಲೆಲ್ಲ ಅವರ ಬಾಯಿಂದ ಒಂದು ಹಿಡಿಯಷ್ಟು ಮಬ್ಬು ಹೊರಗೆ ಬರುತ್ತದೆ. ಚಳಿಗಾಲದ ಬೆಳಗ್ಗೆ ಉಸಿರು ಕಾಣುವ ಹಾಗೆ. ಉಸಿರಾದರೆ ಕರಗುತ್ತದೆ, ಇದು ಕರಗುವುದಿಲ್ಲ, ಗಾಳಿ ಬೀಸಿದರೂ ಆಡಿದ ಜಾಗ ಬಿಟ್ಟು ಕದಲುವುದಿಲ್ಲ. ಊರಿನವರು ಯಾರಾದರೂ ಆ ಮಾತನ್ನು ತಿದ್ದಿ ಹೇಳಬೇಕು, ತಪ್ಪಿದವರು ಅದನ್ನು ಮೂರು ಸಲ ತಿರುಗಿ ಹೇಳಬೇಕು, ಆಗ ಹೋಗುತ್ತದೆ. ಇಲ್ಲೇ ಹುಟ್ಟಿದ ಅವರ ಮಕ್ಕಳಿಗೆ ಈ ಕಾಟವಿಲ್ಲ.

ಕೇರಿಯ ಜನ ಇದಕ್ಕೆಲ್ಲ ಒಗ್ಗಿಹೋಗಿದ್ದರು. ಹಾಲು ಹಾಕುವವಳು ಪಾತ್ರೆಯನ್ನು ಕೈಯಿಂದ ತಡವಿ ನೋಡಿ ಹಾಲು ಸುರಿಯುತ್ತಿದ್ದಳು. ಆಡುಗಳ ಕೊರಳಿಗೆ ಗಂಟೆ ಸರಿ, ಕೋಳಿಗಳ ಕಾಲಿಗೂ ಗೆಜ್ಜೆ. ಹಗಲು ಹೊತ್ತಿನಲ್ಲೇ ಬಾಗಿಲಿಗೊಂದು ಲಾಟೀನು. ಬೀದಿಯಲ್ಲಿ ನಡೆಯುವವರು ಕೆಮ್ಮಿಕೊಂಡು ನಡೆಯುತ್ತಿದ್ದರು, ಕೆಮ್ಮು ಕೇಳಿಯೇ ಬಂದವರು ಇಂಥವರು ಎಂದು ತಿಳಿಯಬೇಕು. ಜಗಳಕ್ಕೆ ನಿಂತರೆ ಬಯ್ಯುತ್ತಿರುವುದು ಯಾರನ್ನೆಂದು ಅರ್ಧದಲ್ಲೇ ಅನುಮಾನ ಬಂದು ಇಬ್ಬರೂ ಸುಮ್ಮನಾಗಿ ಒಳಗೆ ಹೋಗುತ್ತಿದ್ದರು. ಪ್ರಾಯದ ಹುಡುಗ ಹುಡುಗಿಯರಿಗೆ ಮಾತ್ರ ಆ ಕೇರಿಯೆಂದರೆ ಬಲು ಇಷ್ಟ. ಆ ವಿಷಯ ಈಗ ಬೇಡ.

ಊರಿನ ಹಿರಿಯರಿಗೆ ಮಬ್ಬೆಂದರೆ ಆಗುತ್ತಿರಲಿಲ್ಲ. ಬಂದು ಆರು ವರ್ಷ ತುಂಬಿದವರನ್ನು ಚಾವಡಿಗೆ ಕರೆಸುತ್ತಿದ್ದರು. ನಡುವೆ ಒಂದು ಹಂಡೆ ನೀರು, ಆ ನೀರಿನ ಮೇಲೆ ತಳದಲ್ಲಿ ಸಣ್ಣ ತೂತಿರುವ ಗಳಿಗೆ ಬಟ್ಟಲು. ಬಟ್ಟಲಿಗೆ ನೀರು ತುಂಬಿ ಅದು ಮುಳುಗುವವರೆಗೆ ಕರೆಸಿಕೊಂಡವರು ಮಾತಾಡಬೇಕು. ಮುಳುಗಿದ ಹೊತ್ತಿಗೆ ಅವರ ಮುಖ ಹಿರಿಯರಿಗೆ ಕಾಣುತ್ತಿದ್ದರೆ ಅವತ್ತಿನಿಂದ ಅವರು ಊರಿನವರು. ಮುಖ ಮಬ್ಬಿನಲ್ಲಿ ಮುಚ್ಚಿಹೋಗಿದ್ದರೆ, ಇಲ್ಲವೇ ಬಾಯಿಂದ ಮಾತೇ ಹೊರಡದಿದ್ದರೆ, ಮರುದಿನದ ದೋಣಿಗೆ ಗಂಟುಮೂಟೆ ಕಟ್ಟಬೇಕು. ಆ ದಿನಕ್ಕೆ ಅವರನ್ನು ತಯಾರು ಮಾಡಲೆಂದು ಕಡೆಯ ವರ್ಷ ತಿದ್ದುಗಾತಿಯ ಕೈಗೆ ಒಪ್ಪಿಸುವುದು ಪದ್ಧತಿ. ಮಬ್ಬುಕೇರಿಯ ತಿದ್ದುಗಾತಿ ನಾನು, ಶೇಷಮ್ಮ.

ಹೇಳಿಕೊಳ್ಳಬಾರದು, ಆದರೂ ಹೇಳುತ್ತೇನೆ, ನನ್ನಂಥ ತಿದ್ದುಗಾತಿ ಊರಿನಲ್ಲಿ ಇನ್ನೊಬ್ಬಳಿರಲಿಲ್ಲ. ತಪ್ಪು ಕಿವಿಗೆ ಬೀಳುವುದಕ್ಕೂ ನಾನು ಚಿಟಿಕೆ ಹೊಡೆಯುವುದಕ್ಕೂ ನಡುವೆ ಒಂದು ಸಾಸಿವೆ ಕಾಳು ಹಿಡಿಸುವಷ್ಟು ಜಾಗವಿರುತ್ತಿರಲಿಲ್ಲ. ಚಿಟಿಕೆ, ಸರಿಯಾದ ಮಾತು, ಮೂರು ಸಲ, ಮುಂದೆ. ಎದುರಿಗಿದ್ದವರು ಏನು ಹೇಳಲು ಹೊರಟಿದ್ದರು ಎಂಬುದು ನನ್ನ ಕೆಲಸವಲ್ಲ. ಮಬ್ಬು ಪೂರ್ತಿ ಹೋದ ಮನೆಯ ಬಾಗಿಲ ಮೇಲೆ ಹಿರಿಯರು ಸುಣ್ಣದ ಬೊಟ್ಟು ಇಡಿಸಿ ಅದನ್ನು ತಿಳಿಮನೆ ಎಂದು ಕರೆಯುತ್ತಿದ್ದರು. ಇಪ್ಪತ್ತಾರು ವರ್ಷದಲ್ಲಿ ನಾನು ಇಡಿಸಿದಷ್ಟು ಬೊಟ್ಟನ್ನು ಬೇರೆ ಕೇರಿಗಳ ತಿದ್ದುಗಾತಿಯರು ಸೇರಿಯೂ ಇಡಿಸಿರಲಿಲ್ಲ. ಅವರು ನನ್ನನ್ನು ಕಂಡರೆ ಸೆರಗು ಕೊಡವಿಕೊಂಡು ಹೋಗುತ್ತಿದ್ದರು. ನನಗೆ ಅದೂ ಒಂದು ಸಂತೋಷ.

ಓಲಮ್ಮ ನನ್ನ ಕೈಗೆ ಬಂದದ್ದು ಹೀಗೆಯೇ, ಅವಳ ಆರನೆಯ ವರ್ಷದಲ್ಲಿ. ಅವಳ ಹೆಸರು ಬರೀ ಓಲ, ನಾವು ಅಮ್ಮ ಸೇರಿಸಿದ್ದೆವು. ಉಪ್ಪಿನ ಸೀಮೆಯವಳು. ಗಂಡನ ಜೊತೆ ಬಂದಿದ್ದಳು, ಆತ ಬಂದ ವರ್ಷವೇ ಜ್ವರದಲ್ಲಿ ತೀರಿಕೊಂಡ. ಆಮೇಲೆ ಹುಟ್ಟಿದ ಮಗಳು ನೀಲಿಗೆ ಈಗ ಐದು ವರ್ಷ. ಓಲಮ್ಮ ಅವಲಕ್ಕಿ ಕುಟ್ಟುವಲ್ಲಿ ಕೆಲಸಕ್ಕಿದ್ದಳು. ಒನಕೆಗಳ ಆ ಸದ್ದಿನಲ್ಲಿ ಯಾರೂ ಯಾರ ಜೊತೆಯೂ ಮಾತಾಡಬೇಕಿಲ್ಲ. ಹಾಗಾಗಿ ಐದು ವರ್ಷವಾದರೂ ನಮ್ಮ ಮಾತು ಅವಳ ನಾಲಿಗೆಗೆ ಹತ್ತಿರಲಿಲ್ಲ.

ಮೊದಲ ದಿನ ಪದ್ಧತಿಯಂತೆ ಮನೆಯವರ ವಿಚಾರ ಕೇಳಿದೆ. "ಗಂಡ ಎಲ್ಲಮ್ಮ?" ಅಂದೆ. ಅವಳು ತಲೆ ಬಗ್ಗಿಸಿ, "ಗಂಡ ಮಲಗಿದ್ದಾರೆ. ಹೊಳೆ ದಂಡೇಲಿ," ಅಂದಳು. ನಮ್ಮಿಬ್ಬರ ನಡುವೆ ಮಬ್ಬು ಎದ್ದಿತು. ನಾನು ಚಿಟಿಕೆ ಹೊಡೆದೆ. "ಹಂಗಲ್ಲ. ಸತ್ತುಹೋದರು ಅನ್ನು. ಹೂಂ, ಮೂರು ಸಲ." ಅವಳು ಒಂದು ಗಳಿಗೆ ನನ್ನನ್ನು ನೋಡಿದಳು. ಆಮೇಲೆ ಹೇಳಿದಳು, ಮೂರು ಸಲ. ಮಬ್ಬು ಹೋಯಿತು. ಚೆನ್ನಾಗಿ ಕಲಿಯುತ್ತಾಳೆ ಅಂದುಕೊಂಡೆ.

ಹೊರಡುವಾಗ ಬಾಗಿಲವರೆಗೆ ಬಂದು ನನ್ನ ಸೆರಗು ಹಿಡಿದುಕೊಂಡಳು. "ಶೇಷಮ್ಮೋರೆ, ನೀಲಿಗೆ ನಮ್ ಮಾತು ಬರಲ್ಲ. ನಾನೇ ಕಲಿಸಿಲ್ಲ. ಇಲ್ಲೀ ಮಗು ಆಗ್ಲಿ ಅಂತ. ನಮ್ಮನ್ನ ಕಳಿಸಿದ್ರೆ, ಅಲ್ಲಿ ಅವಳು ನಾನಾಗ್ತಾಳೆ." ಆ ಮಾತಿಗೂ ಒಂದು ಚೂರು ಮಬ್ಬು ಬಂದಿತ್ತು, ಅದನ್ನೂ ತಿದ್ದಿಯೇ ಹೊರಟೆ.

ಮುಂದೆ ವಾರಕ್ಕೆ ನಾಲ್ಕು ಬೆಳಗ್ಗೆ ಪಾಠ. ಅವಳ ತಪ್ಪುಗಳಿಗೆ ತಲೆಬುಡವೇ ಇರಲಿಲ್ಲ. ಬಾಗಿಲು ಮಲಗಿದೆ ಅನ್ನುವಳು, ಒಲೆ ಎದ್ದಿದೆ ಅನ್ನುವಳು. ಪಕ್ಕದ ಮನೆಯವಳ ಸಿಟ್ಟು ಈಗ ಮಲಗಿತು, ಇವತ್ತು ಸಂತೆ ಏಳಲೇ ಇಲ್ಲ, ಹೀಗೆ. ನಾನು ಚಿಟಿಕೆ ಹೊಡೆದು ತಿದ್ದುವೆ, ತಿದ್ದಿದ್ದನ್ನು ನನ್ನ ತಪ್ಪಿನ ಪುಸ್ತಕದಲ್ಲಿ ಬರೆದಿಡುವೆ. ಇವತ್ತು ತಿದ್ದಿದ್ದು ನಾಳೆ ಅದೇ ಮುಖ ಹೊತ್ತು ಬರುವುದು. ನನಗೂ ಹಟ. ಬಾಗಿಲು ಎಂದು ಅವಳು ಬಾಯಿ ತೆರೆಯುವ ಮೊದಲೇ ನನ್ನ ಬೆರಳು ಸಿದ್ಧವಾಗಿರುತ್ತಿತ್ತು. ಅವಳು ಮಾತಿಗಿಂತ ಮೊದಲು ನನ್ನ ಕೈ ನೋಡುವುದನ್ನು ಕಲಿತಳು.

ಎಳ್ಳು ಕೊಯ್ಲಿನ ಹೊತ್ತಿಗೆ ಅವಳ ಮನೆಯ ಮಬ್ಬು ಕಡಿಮೆಯಾಗುತ್ತ ಬಂದಿತು. ಆಮೇಲೊಂದು ದಿನ ಪೂರ್ತಿ ಹೋಯಿತು. ಹಿಂದಿನ ಗೋಡೆಯಲ್ಲಿದ್ದ ಮೊಳೆ, ಮೊಳೆಗೆ ತೂಗುಹಾಕಿದ್ದ ಮೊರ, ಮೊರದ ಹಿಂದಿನ ಜೇಡ, ಎಲ್ಲ ಬೀದಿಯಿಂದಲೇ ಕಾಣುತ್ತಿತ್ತು. ಕೇರಿಯ ಹೆಂಗಸರು ತಮ್ಮ ಹಪ್ಪಳವನ್ನೆಲ್ಲ ತಂದು ಅವಳ ಅಂಗಳದಲ್ಲಿ ಹರವಿದರು. ಹಪ್ಪಳ ಒಣಗಿತು! ಪಟೇಲ ಚನ್ನಿಗಪ್ಪನವರು ಖುದ್ದಾಗಿ ಬಂದು ಸುಣ್ಣದ ಬೊಟ್ಟು ಇಟ್ಟರು. "ಶೇಷಮ್ಮೋರೆ, ನಿಮ್ ಬೆರಳಿಗೆ ಬೆಳ್ಳಿ ಉಂಗುರ ಮಾಡಿಸಿ ಹಾಕ್ಬೇಕು ಕಣ್ರಿ," ಅಂದರು. ನನ್ನ ಕಾಲು ನೆಲದ ಮೇಲೆ ಇರಲಿಲ್ಲ. ಓಲಮ್ಮ ಒಳಗೆ ನಿಂತು ನಗುತ್ತಿದ್ದಳು, ಅಥವಾ ಅದನ್ನು ನಗು ಎಂದು ನಾನು ಅಂದುಕೊಂಡೆ.

ಅದಾಗಿ ಹತ್ತು ದಿನಕ್ಕೆ ಏನೋ ನೆಪದಲ್ಲಿ ಆ ಕಡೆ ಹೋದೆ. ನೀಲಿ ಅಂಗಳದಲ್ಲಿ ಕೂತು ಬೆಣಚುಕಲ್ಲುಗಳನ್ನು ಸಾಲಾಗಿ ಇಟ್ಟು, ಒಂದೊಂದರ ಮುಂದೆಯೂ ಚಿಟಿಕೆ ಹೊಡೆಯುತ್ತಿದ್ದಳು. ಐದು ವರ್ಷದ ಬೆರಳು, ಸದ್ದು ಬರುತ್ತಿರಲಿಲ್ಲ. "ಇದ್ಯಾವ ಆಟವೇ?" ಅಂದೆ. "ಶೇಷಜ್ಜಿ ಆಟ," ಅಂದಳು. ನನಗೆ ನಗು ಬಂತು. "ಹಾಗಾದ್ರೆ ಕಲ್ಲು ಏನು ತಪ್ಪು ಹೇಳ್ತು?" "ತಪ್ಪು ಹೇಳಲ್ಲ ಅಜ್ಜಿ. ಇವು ಮಾತೇ ಆಡಲ್ಲ. ಅದಕ್ಕೇ ಒಳ್ಳೇ ಕಲ್ಲು. ನಮ್ಮಮ್ಮನ ಥರ."

ನಾನು ಅಲ್ಲೇ ಕುಕ್ಕರುಗಾಲಿನಲ್ಲಿ ಕೂತೆ. ಅಮ್ಮ ನಿನ್ನ ಹತ್ತಿರವೂ ಮಾತಾಡುವುದಿಲ್ಲವೇ ಎಂದು ಕೇಳಿದೆ. "ಕೈ ತೋರಿಸ್ತಾಳೆ. ಊಟಕ್ಕೆ ಬಾ ಅಂದ್ರೆ ಹಿಂಗೆ. ಸ್ನಾನ ಅಂದ್ರೆ ಹಿಂಗೆ." ಮಗು ಒಂದೊಂದಾಗಿ ಮಾಡಿ ತೋರಿಸಿತು. "ಮುಂಚೆ ಕತೆ ಹೇಳ್ತಿದ್ಲು. ಈಗ ಕತೆಗೆ ಕೈಯಿಲ್ವಲ್ಲ," ಅಂದಿತು.

ಆಗ ನನಗಾದ ನಾಚಿಕೆಯನ್ನು ಇವತ್ತಿಗೂ ಮರೆತಿಲ್ಲ. ಇಡೀ ಊರು, ಊರಿಗಿಂತ ಮುಂಚೆ ನಾನು, ಮಬ್ಬಿಲ್ಲದ ಮನೆಯೆಂದರೆ ಮಾತು ಕಲಿತ ಮನೆಯೆಂದು ನಂಬಿ ಕೂತಿದ್ದೆವು. ಬಾಯಿ ಮುಚ್ಚಿದ ಮನೆಯಲ್ಲೂ ಮಬ್ಬಿರುವುದಿಲ್ಲ ಎಂಬುದು ನಮ್ಮಲ್ಲಿ ಒಬ್ಬರಿಗೂ ಹೊಳೆದಿರಲಿಲ್ಲ. ಬೊಟ್ಟಿಟ್ಟ ಎಷ್ಟು ಬಾಗಿಲುಗಳ ಹಿಂದೆ ಎಷ್ಟು ಜನ ಹೀಗೆ ಕೈ ತೋರಿಸಿಕೊಂಡು ಬದುಕುತ್ತಿದ್ದಾರೋ, ನಾನು ಕೇಳಲು ಹೋಗಿರಲಿಲ್ಲ. ಓಲಮ್ಮನ ಬಟ್ಟಲ ದಿನಕ್ಕೆ ಇನ್ನು ಹದಿನಾರೇ ದಿನ ಉಳಿದಿತ್ತು. ಅವತ್ತು ಚಾವಡಿಯಲ್ಲಿ ಅವಳ ಬಾಯಿ ತೆರೆಯದಿದ್ದರೆ ತಾಯಿ ಮಗಳಿಬ್ಬರೂ ದೋಣಿ ಹತ್ತಬೇಕು.

ಮನೆಗೆ ಬಂದು ತಪ್ಪಿನ ಪುಸ್ತಕ ತೆಗೆದೆ. ಬರೆಯುವುದಷ್ಟೇ ನನಗೆ ಗೊತ್ತಿತ್ತು, ಓದಿ ನೋಡಿದ್ದು ಅದೇ ಮೊದಲು. ಓಲಮ್ಮನ ಹಾಳೆಗಳನ್ನು ಮೇಲಿನಿಂದ ಕೆಳಗೆ ಓದುತ್ತ ಹೋದೆ. ತಲೆಬುಡವಿಲ್ಲ ಅಂದಿದ್ದೆನಲ್ಲ, ತಲೆಯೂ ಇತ್ತು, ಬುಡವೂ ಇತ್ತು. ಎಲ್ಲ ತಪ್ಪೂ ಒಂದೇ ಮನೆಯ ಮಕ್ಕಳ ಹಾಗೆ ಒಂದೇ ಮುಖದವು. ಅವಳು ಬಾಯಿಗೆ ಬಂದಂತೆ ಹೇಳುತ್ತಿರಲಿಲ್ಲ, ಬೇರೆ ಯಾವುದೋ ನಿಯಮಕ್ಕೆ ತಪ್ಪದೆ ನಡೆದುಕೊಳ್ಳುತ್ತಿದ್ದಳು.

ಮರುದಿನ ಬೆಳಗ್ಗೆ ಅವಳ ಮನೆಗೆ ಹೋಗಿ, ಬಲಗೈಯನ್ನು ತೊಡೆಯ ಕೆಳಗೆ ಅದುಮಿಟ್ಟುಕೊಂಡು ಕೂತೆ. "ಓಲಮ್ಮ, ನಿಮ್ಮ ಕಡೆ ಬಾಗಿಲು ಮಲಗುತ್ತಾ?" ಎಂದು ಕೇಳಿದೆ. ಅವಳು ನನ್ನ ಕೈ ಎಲ್ಲಿ ಎಂದು ಹುಡುಕುತ್ತಿದ್ದಳು. ನಾನು ಕಾದೆ. ಜೀವಮಾನದಲ್ಲಿ ಯಾರ ಮಾತಿಗೂ ಅಷ್ಟು ಹೊತ್ತು ಕಾದವಳಲ್ಲ. ಒಲೆಯ ಮೇಲಿನ ಅನ್ನ ತಳ ಹಿಡಿದ ವಾಸನೆ ಬಂದ ಮೇಲೆ ಅವಳ ತುಟಿ ಕದಲಿತು. "ಎಲ್ಲಾ ಮಲಗತ್ತೆ. ಉಪ್ಪು ನೀರಲ್ಲಿ ಮಲಗಿರತ್ತೆ. ಬಿಸಿಲು ಎಬ್ಬಿಸತ್ತೆ. ಬಾಗಿಲು, ಬೆಂಕಿ, ಸಿಟ್ಟು, ಎಲ್ಲಾ ಹಂಗೇ." ಮಾತುಮಾತಿಗೂ ಮಬ್ಬು ಎದ್ದಿತು. ನಾನು ಮುಟ್ಟಲಿಲ್ಲ. "ಮತ್ತೆ ಎಂದೂ ಏಳದೇ ಇರೋದಕ್ಕೆ ಏನಂತೀರ?" ಅಂದೆ. ಅವಳು ಯೋಚಿಸಿ, "ಅದಕ್ಕೆ ನಮ್ಮಲ್ಲಿ ಮಾತಿಲ್ಲ," ಅಂದಳು.

ಅವರಲ್ಲಿ ಇಲ್ಲದ ಆ ಮಾತನ್ನು, ಸತ್ತುಹೋದರು ಅನ್ನುವುದನ್ನು, ನಾನು ಅವಳ ಬಾಯಿಂದ ಮೂರು ಸಲ ಹೇಳಿಸಿದ್ದೆ. ಅವಳ ಮನೆಯಲ್ಲಿ ಕೂತು, ಅವಳ ಗಂಡನ ಬಗ್ಗೆ. ನನಗೆ ದುಃಖ ತಡೆಯಲಿಲ್ಲ, ಸೆರಗಿನಿಂದ ಮುಖ ಮುಚ್ಚಿಕೊಂಡು ಅತ್ತೆ. ಅವಳು ಎದ್ದು ಬಂದು ನನ್ನ ಬೆನ್ನು ಸವರಿದಳು, ಕ್ಷಮಿಸುವಂಥದ್ದೇನೂ ಆಗಿಲ್ಲವೆನ್ನುವ ಹಾಗೆ. ಮಬ್ಬು ದಟ್ಟವಾಗಿದ್ದರಿಂದ ಅವಳೂ ಅತ್ತಳೋ ಏನೋ ನನಗೆ ಕಾಣಲಿಲ್ಲ.

ಅಂದಿನಿಂದ ಪಾಠ ತಿರುಗಿತು. ನಾನು ಅವಳ ಮಾತನ್ನು ಕೇಳಿ ಕೇಳಿ ಕಲಿಯಲು ಹೊರಟೆ, ಅವಳು ನಮ್ಮ ಮಾತಿನಲ್ಲಿ ವಿವರಿಸಲು ಹೊರಟಳು. ಒಳಗೆ ನಾವಿಬ್ಬರೇ ಇದ್ದಾಗ ಮಾತಾಡುವಳು, ಹೊರಗೆ ಯಾರಾದರೂ ಕೆಮ್ಮಿದರೆ ಸಾಕು, ಬಾಯಿಗೆ ಬೀಗ. ಅಷ್ಟಕ್ಕೇ ಮನೆ ಮತ್ತೆ ಮಬ್ಬಾಯಿತು. ಹರವಿದ್ದ ಹಪ್ಪಳ ಮೆತ್ತಗಾಯಿತೆಂದು ಹೆಂಗಸರು ನನ್ನ ಮೇಲೆ ಹರಿಹಾಯ್ದರು. ಪಟೇಲರು ಬಂದು ಬೊಟ್ಟನ್ನು ಉಗುರಿನಿಂದ ಕೆರೆದು ತೆಗೆದರು. "ಏನಾಗಿದೆ ನಿಮ್ಗೆ? ತಿದ್ದೋದು ಬಿಟ್ಟು ಹರಟೆ ಹೊಡೀತಾ ಕೂತಿದ್ದೀರಂತೆ. ಬಟ್ಟಲ ದಿನ ಅವಳ ಪಕ್ಕದಲ್ಲಿ ಕೂರೋರು ನೀವೇ, ನೆನಪಿರ್ಲಿ," ಅಂದರು. ನೆನಪಿತ್ತು. ಚಿಟಿಕೆ ಹೊಡೆದರೆ ಅವಳು ಮೂಕಿಯಾಗುತ್ತಾಳೆ, ಹೊಡೆಯದಿದ್ದರೆ ಮಬ್ಬಿನಲ್ಲಿ ಮುಚ್ಚಿಹೋಗುತ್ತಾಳೆ. ಹೇಗೂ ದೋಣಿ ತಪ್ಪಿದ್ದಲ್ಲ. ಇದನ್ನು ಅವಳಿಗೆ ಹೇಳುವ ಧೈರ್ಯ ನನಗಿರಲಿಲ್ಲ. ಅವಳಿಗೆ ಗೊತ್ತಿತ್ತು ಅನ್ನಿ, ಬಟ್ಟೆಗಳನ್ನು ಮಡಚಿ ಗಂಟು ಕಟ್ಟಿಟ್ಟಿದ್ದಳು.

ಬಟ್ಟಲ ದಿನ ಚಾವಡಿ ತುಂಬಿತ್ತು. ಮೂವರು ಹಿರಿಯರು ಜಗಲಿಯ ಮೇಲೆ. ನಡುವೆ ಪಟೇಲರು, ಎಡಕ್ಕೆ ವೀಳ್ಯದೆಲೆ ಮೆಲ್ಲುತ್ತ ದೊಡ್ಡತಾಯಮ್ಮ, ಬಲಕ್ಕೆ ಅರ್ಧ ಕಿವುಡಾದ ಒಬ್ಬ ಅಜ್ಜ. ಓಲಮ್ಮ ಹಂಡೆಯ ಮುಂದೆ ಕೂತಳು, ಪಕ್ಕದಲ್ಲಿ ನಾನು. ನೀಲಿ ಕಂಬ ಹಿಡಿದು ನಿಂತಿದ್ದಳು. ಪಟೇಲರು ಬಟ್ಟಲನ್ನು ನೀರಿನ ಮೇಲೆ ಬಿಟ್ಟು, "ಹೇಳಮ್ಮ, ನಿಮ್ ಸೀಮೆ ಹೇಗಿದೆ, ಏನ್ ಬೆಳೀತೀರ, ಹೇಳು," ಅಂದರು.

ಓಲಮ್ಮ ಜನರನ್ನು ನೋಡಿದಳು. ನನ್ನ ಬೆರಳು ನೋಡಿದಳು. ತುಟಿ ಅಂಟಿಕೊಂಡಿತು. ಬಟ್ಟಲು ಕಾಲು ಭಾಗ ತುಂಬಿತು, ಅರ್ಧ ತುಂಬಿತು. ಜನರಲ್ಲಿ ಗುಸುಗುಸು ಶುರುವಾಯಿತು. ದೊಡ್ಡತಾಯಮ್ಮ ಮೆಲ್ಲುವುದನ್ನು ನಿಲ್ಲಿಸಿದರು. ಕಂಬದ ಹತ್ತಿರ ನೀಲಿ ಅಮ್ಮನಿಗೆ ಕೈಸನ್ನೆ ಮಾಡತೊಡಗಿದಳು, ಊಟಕ್ಕೆ ಬಾ ಅನ್ನುವ ಸನ್ನೆ, ಸ್ನಾನದ ಸನ್ನೆ, ತನಗೆ ಗೊತ್ತಿದ್ದ ಎಲ್ಲ ಸನ್ನೆಗಳನ್ನೂ. ಅದನ್ನು ನೋಡಿ, ಏನು ಮಾಡುತ್ತಿದ್ದೇನೆಂದು ಯೋಚಿಸದೆ ನಾನೇ ಬಾಯಿ ತೆರೆದೆ, ಅದುವರೆಗೆ ಕೇಳಿಯಷ್ಟೇ ಕಲಿತಿದ್ದ ಉಪ್ಪಿನ ಸೀಮೆಯ ಮಾತಿನಲ್ಲಿ. ಹೆದರಬೇಡ, ನಾನು ಪಕ್ಕದಲ್ಲಿದ್ದೇನೆ ಎಂದು ಹೇಳಬೇಕೆಂದಿದ್ದೆ. ಹೇಳಿದ್ದೇನೋ ದೇವರೇ ಬಲ್ಲ. ನನ್ನ ಬಾಯಿಂದ ದಪ್ಪನೆಯ ಮಬ್ಬೊಂದು ಹೊರಗೆ ಬಂದಿತು.

ಈ ಊರಿನಲ್ಲಿ ಹುಟ್ಟಿ ಬೆಳೆದವಳ ಬಾಯಿಂದ ಮಬ್ಬು! ಪಟೇಲರು ಎದ್ದು ನಿಂತರು. ನಾನು ಬಿಡಲಿಲ್ಲ, ಇನ್ನೊಂದು ಮಾತು ಹೇಳಿದೆ, ಅದಕ್ಕೂ ಮಬ್ಬು. ಆಗ ಓಲಮ್ಮ ನಕ್ಕಳು. ಬಾಯಿ ತುಂಬ ನಕ್ಕಳು. ಅವಳ ಹಲ್ಲನ್ನು ನಾನು ನೋಡಿದ್ದೇ ಅವತ್ತು. ನಗುತ್ತಲೇ ಜನರ ಕಡೆ ತಿರುಗಿ, ನಮ್ಮ ಮಾತಿನಲ್ಲಿ, "ಶೇಷಮ್ಮೋರು ಏನಂದ್ರು ಗೊತ್ತಾ? 'ಮಡಕೆ ಓಡಬೇಡ, ನಾನು ನಿನ್ನ ಮೊಣಕೈ' ಅಂದ್ರು. ಆಮೇಲೆ 'ನಿನ್ನ ಉಪ್ಪಿಗೆ ಮದುವೆ ಯಾವಾಗ' ಅಂದ್ರು," ಎಂದಳು. ಚಾವಡಿಯೆಲ್ಲ ಗೊಳ್ಳೆಂದಿತು. ಹೆಂಗಸರು ಒಬ್ಬರ ಮೇಲೊಬ್ಬರು ಬಿದ್ದು ನಕ್ಕರು. ಕಿವುಡಜ್ಜ, "ಏನಂದ್ಲು, ಏನಂದ್ಲು?" ಎಂದು ಪಕ್ಕದವರನ್ನು ತಿವಿಯುತ್ತಿದ್ದ. ಓಲಮ್ಮ ಅವನಿಗಾಗಿ ಇನ್ನೊಮ್ಮೆ ಗಟ್ಟಿಯಾಗಿ ಹೇಳಿದಳು.

ಹೇಳಿದವಳು ನಿಲ್ಲಿಸಲಿಲ್ಲ. ಮದುವೆಯ ಮಾತು ಬಂದಿದ್ದೇ ತಡ, ಅವರ ಸೀಮೆಯಲ್ಲಿ ಮದುವೆಗೆ ಮೊದಲು ಹುಡುಗ ಹುಡುಗಿ ಸೇರಿ ಒಂದು ಪಾತಿ ಉಪ್ಪು ತೆಗೆಯಬೇಕಂತೆ, ಅದನ್ನು ಹೇಳಿದಳು. ಪಾತಿಗೆ ನೀರು ಕಟ್ಟಿ, ಇಬ್ಬರೂ ಎರಡು ಬದಿಯಲ್ಲಿ ಕೂತು, ಉಪ್ಪು ಏಳುವವರೆಗೆ ಕಾಯಬೇಕು. ಇವಳ ಗಂಡನಾಗುವವನು ಹೊತ್ತು ಹೋಗದೆ ಹಾಡಲು ಶುರುಮಾಡಿದನಂತೆ, ಆ ಹಾಡು ಎಷ್ಟು ಕೆಟ್ಟದಾಗಿತ್ತೆಂದರೆ ಇವಳು ಎದ್ದು ಹೋಗಿಬಿಟ್ಟಳಂತೆ. ಮಾತುಮಾತಿಗೂ ಮಬ್ಬು ಸುರಿಯುತ್ತಿತ್ತು. ನನ್ನ ಬಲಗೈಯನ್ನು ಎಡಗೈಯಿಂದ ಹಿಡಿದುಕೊಂಡೆ. ಅವಳ ಮುಖ ಮರೆಯಾಯಿತು, ಹಂಡೆ ಮರೆಯಾಯಿತು, ಜಗಲಿ ಮರೆಯಾಯಿತು. "ಎದ್ದು ಎಲ್ಲಿಗೆ ಹೋದೆ?" ಎಂದು ಮಬ್ಬಿನೊಳಗಿಂದ ಯಾರೋ ಕೇಳಿದರು. "ಆಮೇಲೆ ಉಪ್ಪು ಬಂತೋ ಇಲ್ವೋ?" ಎಂದು ಇನ್ನೊಂದು ದನಿ. ನಡುನಡುವೆ ನಾನೂ ಅವಳ ಮಾತಿನಲ್ಲಿ ಒಂದೊಂದು ಪ್ರಶ್ನೆ ಹಾಕುತ್ತಿದ್ದೆ, ನನ್ನ ಮಬ್ಬೂ ಸೇರಿಕೊಳ್ಳುತ್ತಿತ್ತು. ಚಾವಡಿಯಲ್ಲಿ ಕಿವಿಗಳಷ್ಟೇ ಉಳಿದವು. "ನಮ್ಮಮ್ಮ ಕತೆ ಹೇಳ್ತಿದ್ದಾಳೆ," ಎಂದು ನೀಲಿ ಯಾರಿಗೋ ಹೇಳಿದ್ದು ಕೇಳಿಸಿತು.

ಕಡೆಗೆ ಪಟೇಲರಿಗೆ ಬಟ್ಟಲ ನೆನಪಾಯಿತು. ತಡವರಿಸಿಕೊಂಡು ಬಂದು ಹಂಡೆಗೆ ಕೈ ಹಾಕಿದರು, ಮೊಣಕೈವರೆಗೆ ಹಾಕಿದರು. "ಅಯ್ಯೋ, ಯಾವಾಗ್ಲೋ ಮುಳುಗಿಹೋಗಿದೆ!" ಅಂದರು. ಮುಳುಗಿದ ಸದ್ದು ನಮಗಾರಿಗೂ ಕೇಳಿರಲಿಲ್ಲ. "ಮುಖ ಕಾಣ್ತಿದೆಯೇನ್ರಿ?" ಎಂದು ಪಟೇಲರು ಕೇಳಿದರು. "ನಿಮ್ದೇ ಕಾಣ್ತಿಲ್ಲ," ಅಂದರು ದೊಡ್ಡತಾಯಮ್ಮ. ಪಟೇಲರ ದನಿ ಗಡುಸಾಯಿತು. "ಹಂಗಾದ್ರೆ ಪದ್ಧತಿ ಪ್ರಕಾರ ನಾಳೆ ದೋಣಿ." ಓಲಮ್ಮನ ಕೈ ಮಬ್ಬಿನಲ್ಲೇ ನನ್ನ ಕೈಯನ್ನು ಹುಡುಕಿ ಹಿಡಿಯಿತು.

"ತಾಳಿ ಪಟೇಲರೆ," ಅಂದರು ದೊಡ್ಡತಾಯಮ್ಮ. ಎಲೆ ಉಗಿದ ಸದ್ದಾಯಿತು, ಎಲ್ಲಿಗೆ ಬಿತ್ತೋ ತಿಳಿಯಲಿಲ್ಲ. "ಇದರಲ್ಲಿ ಓಲಮ್ಮಂದು ಯಾವ್ದು, ಶೇಷಮ್ಮಂದು ಯಾವ್ದು, ಬೇರೆ ಮಾಡಿ ತೋರ್ಸಿ. ಆಗದಿದ್ರೆ ಇಬ್ರನ್ನೂ ಕಳಿಸಿ. ಶೇಷಮ್ಮ ನನ್ನ ಮಡಿಲಲ್ಲಿ ಆಡಿದ ಕೂಸು, ಅವಳನ್ನ ಯಾವ ಊರಿಗೆ ಕಳಿಸ್ತೀರೋ ಅದನ್ನೂ ಹೇಳ್ಬಿಡಿ." ಪಟೇಲರು ಮಬ್ಬಿನಲ್ಲಿ ಕೈಯಾಡಿಸುತ್ತಿದ್ದದ್ದು ಗಾಳಿ ತಾಗಿ ಗೊತ್ತಾಗುತ್ತಿತ್ತು. ಬಹಳ ಹೊತ್ತು ಆಡಿಸಿದರು. ಅಷ್ಟರಲ್ಲಿ ಕಿವುಡಜ್ಜ, "ಅದೆಲ್ಲ ಇರ್ಲಿ, ಆ ಹುಡುಗಿ ಎದ್ದು ಹೋದ್ಮೇಲೆ ಏನಾಯ್ತು?" ಎಂದು ಕೂಗಿದ.

ಓಲಮ್ಮ ಊರಿನಲ್ಲಿ ಉಳಿದಳು. ನನ್ನ ಕೆಲಸ ಅವತ್ತೇ ಹೋಯಿತು. ಬಾಯಿಂದ ಮಬ್ಬು ಬರುವವಳನ್ನು ತಿದ್ದುಗಾತಿಯಾಗಿ ಇಟ್ಟುಕೊಂಡರೆ ಬೇರೆ ಕೇರಿಯವರು ನಗುತ್ತಾರೆಂದು ಪಟೇಲರು ಬೇಸರದಿಂದಲೇ ಹೇಳಿದರು. ಅದರಲ್ಲಿ ಅವರ ತಪ್ಪಿಲ್ಲ.

ಎರಡು ದಿನ ಮನೆಯಲ್ಲೇ ಕೂತೆ. ಮೂರನೆಯ ಬೆಳಗ್ಗೆ ತಡೆಯಲಾರದೆ ಓಲಮ್ಮನ ಮನೆಗೆ ಹೋದೆ. ಅವಳು ಅವಲಕ್ಕಿ ಹಸನು ಮಾಡುತ್ತಿದ್ದಳು. ಹೊಸ್ತಿಲ ಮೇಲೆ ನಿಂತು, ದಿನಾ ಬಂದು ನಿಮ್ಮ ಮನೆಯಲ್ಲಿ ಕೂರಬಹುದಾ ಎಂದು ಅವಳ ಮಾತಿನಲ್ಲಿ ಕೇಳಿದೆ. ದಾರಿಯುದ್ದಕ್ಕೂ ಜೋಡಿಸಿಕೊಂಡು ಬಂದ ಮಾತು ಅದು. ಬಾಯಿ ಬಿಟ್ಟ ಕೂಡಲೇ ಮಬ್ಬು ಬಂದಿತು. ನನ್ನ ಕಣ್ಣು ತಾನಾಗಿಯೇ ಅವಳ ಬೆರಳಿನ ಮೇಲೆ ಹೋಯಿತು, ಮೈ ಬಿಗಿಹಿಡಿದು ನಿಂತೆ. ಅವಳ ಬೆರಳು ಅವಲಕ್ಕಿಯಲ್ಲೇ ಇತ್ತು. ತಲೆಯೆತ್ತಿ, ದಿನಾ ಬನ್ನಿ, ನಮ್ಮ ಮನೆಯಲ್ಲಿ ಕೂತುಕೊಳ್ಳಿ, ನನಗೂ ಜೊತೆಯಾಗುತ್ತದೆ ಎಂದು ತನ್ನ ಮಾತಿನಲ್ಲಿ ಹೇಳಿದಳು, ನಿಧಾನವಾಗಿ. ನಾನು ಕೇಳಲು ಒದ್ದಾಡಿದ ಮಾತು ಆ ಉತ್ತರದೊಳಗೇ ಇತ್ತು, ಹೇಗಿರಬೇಕಿತ್ತೋ ಹಾಗೆ. ಚಿಟಿಕೆಯಿಲ್ಲ, ಮೂರು ಸಲವಿಲ್ಲ, ಹೊಸ್ತಿಲ ಮೇಲಿದ್ದ ಮಬ್ಬು ಯಾವಾಗ ಹೋಯಿತೋ ನಾನು ನೋಡಲಿಲ್ಲ. ಇಪ್ಪತ್ತಾರು ವರ್ಷ ಅಷ್ಟು ಜನ ನನ್ನೆದುರು ಕೂತು ನನ್ನನ್ನು ಏನೇನೋ ಕೇಳಿದ್ದರು. ಅವರಲ್ಲಿ ಒಬ್ಬರಿಗೂ ನಾನು ಉತ್ತರ ಕೊಟ್ಟಿರಲಿಲ್ಲ.